ಹೆಪ್ಪಿನಲ್ಲಿ ಬರೆದ ಹೆಸರುಗಳು

ಒಳ್ಳೆಯ ಹೆಪ್ಪು ಸಿಕ್ಕರೆ ಮುತ್ತಲಗಟ್ಟಿಯ ಹೆಂಗಸರು ಸುಮ್ಮನೆ ಬಿಡುವವರಲ್ಲ. ಹೆಪ್ಪಿಗೆಂದು ಒಂದು ಚಮಚ ಮೊಸರು ತೆಗೆದಿಡದೆ ಗಡಿಗೆ ತೊಳೆದ ಸೊಸೆಯ ಕಥೆಯನ್ನು ಮೂರು ತಲೆಮಾರಿನವರೆಗೆ ಆಡಿಕೊಳ್ಳುವ ಜನ ಅದು. ಅಪ್ಪಿತಪ್ಪಿ ತೀರಿತೋ, ಬಟ್ಟಲು ಹಿಡಿದು ಪಕ್ಕದ ಮನೆಗೆ ಹೋಗುವುದು. ಪಕ್ಕದ ಮನೆಯವರದು ತೀರಿದರೆ ಅವರು ಇಲ್ಲಿಗೆ ಬರುವುದು. ದೀಪ ಹಚ್ಚಿದ ಮೇಲೆ ಕೊಡುವುದಿಲ್ಲ ಅನ್ನುವುದೊಂದು ಬಿಟ್ಟರೆ ಇಲ್ಲ ಅನ್ನುವ ಮಾತೇ ಇಲ್ಲ. ಯುದ್ಧ ಶುರುವಾಗಿ ಎರಡನೇ ವರ್ಷ ನಡೆಯುತ್ತಿದ್ದರೂ ಸರಕಾರದ ಯಾವ ಕಾಯಿದೆಯೂ ಈ ಕೊಡುಕೊಳ್ಳುವಿಕೆಗೆ ಅಡ್ಡ ಬಂದಿರಲಿಲ್ಲ. ಡಾಕ್ಟರ್ ಸರ್ವಮಂಗಳಾ ತನ್ನ ಗುಟ್ಟನ್ನು ಹೊರಗೆ ಕಳಿಸಿದ್ದು ಈ ದಾರಿಯಲ್ಲೇ.

ಸರ್ವಮಂಗಳಾಗೆ ಐವತ್ತಾರು ವರ್ಷ. ಹೊಳೆಯ ಆಚೆ ದಡದ ಹಾಲಿನ ಡೇರಿಯೊಂದರಲ್ಲಿ ಇಪ್ಪತ್ತೆಂಟು ವರ್ಷ ಸೂಕ್ಷ್ಮಜೀವಿಗಳನ್ನು ಸಾಕಿದವಳು. ತಂಗಿಯ ಬಸುರಿ ಮಗಳ ಕುಬುಸಕ್ಕೆಂದು ಎರಡು ದಿನದ ಮಟ್ಟಿಗೆ ಈಚೆ ದಡಕ್ಕೆ ಬಂದಿದ್ದಳು. ಬಂದ ಮರುದಿನವೇ ಯುದ್ಧ ಘೋಷಣೆಯಾಗಿ, ಹೊಳೆಯೇ ಗಡಿ ಎಂದು ಗೆರೆ ಎಳೆದರು. ಆಚೆ ದಡದಲ್ಲೂ ಇದೇ ಕನ್ನಡ, ಇದೇ ಜೋಳದ ರೊಟ್ಟಿ, ಇದೇ ಬೈಗುಳ. ಆದರೂ ಗುರುತಿನ ಚೀಟಿಯಲ್ಲಿ ಆಚೆ ದಡದ ಊರಿನ ಹೆಸರಿದ್ದವರನ್ನೆಲ್ಲ ಲಾರಿ ಹತ್ತಿಸಿ, ಮುತ್ತಲಗಟ್ಟಿಯ ಅಂಚಿನಲ್ಲಿ ಮುಚ್ಚಿಬಿದ್ದಿದ್ದ ಸಿಮೆಂಟ್ ಕಾರ್ಖಾನೆಗೆ ತಂದು ತುಂಬಿದರು. ಏಳು ಷೆಡ್ಡು, ಸುತ್ತ ಮುಳ್ಳುತಂತಿ, ಒಳಗೆ ಆರುನೂರಾ ನಲವತ್ತು ಜನ. ಪತ್ರಿಕೆಗಳಲ್ಲಿ ಇದಕ್ಕೆ ‘ಅತಿಥಿ ಶಿಬಿರ’ ಎಂದು ಹೆಸರು. ಅತಿಥಿ ಸತ್ಕಾರ ಹೇಗೆ ನಡೆದಿದೆ ಎಂದು ಬರೆಯೋಣವೆಂದರೆ ಒಳಗಿದ್ದವರಿಗೆ ಒಂದು ಚೂರು ಕಾಗದವಿಲ್ಲ. ಪೆನ್ಸಿಲ್ ತುಂಡು ಬಚ್ಚಿಟ್ಟುಕೊಂಡಿದ್ದ ಮಾಸ್ತರೊಬ್ಬರನ್ನು ಎರಡು ದಿನ ಬಿಸಿಲಲ್ಲಿ ಕಂಬಕ್ಕೆ ಕಟ್ಟಿದ್ದರು. ಆಮೇಲೆ ಪೆನ್ಸಿಲ್ಲಿನ ಮಾತನ್ನು ಯಾರೂ ಎತ್ತಲಿಲ್ಲ.

ಸರ್ವಮಂಗಳಾ ಯಾರು, ಏನು ಕಲಿತವಳು ಎಂದು ತಿಳಿದ ತಿಂಗಳಲ್ಲೇ ಅವಳನ್ನು ಹಳೆಯ ಆಫೀಸು ಕಟ್ಟಡದಲ್ಲಿ ಹೂಡಿದ್ದ ಲ್ಯಾಬಿಗೆ ಹಾಕಿದರು. ಗಡಿಯಲ್ಲಿ ಹೊಳೆ ನೀರು ಕುಡಿದ ಸೈನಿಕರು ವಾಂತಿಭೇದಿಯಿಂದ ಗುಂಡೇಟಿಗಿಂತ ಹೆಚ್ಚಾಗಿ ಸಾಯುತ್ತಿದ್ದರು. ಕರುಳಿನಲ್ಲಿ ನೆಲೆನಿಂತು ಕೆಟ್ಟ ನೀರಿನ ರೋಗಾಣುಗಳನ್ನು ಒದ್ದೋಡಿಸುವ, ಮೊಸರಿನ ಜೀವಿಗಳ ಒಂದು ಪುಡಿ ದಂಡಿಗೆ ಬೇಕಿತ್ತು. ಪುಡಿ ಮಾಡುವವಳು ಸರ್ವಮಂಗಳಾ. ಅದು ಕೆಲಸ ಮಾಡುತ್ತದೋ ಇಲ್ಲವೋ ನೋಡುವುದು ಏಳನೇ ಷೆಡ್ಡಿನಲ್ಲಿ. ಹತ್ತು ಹತ್ತು ಜನರನ್ನು ಅಲ್ಲಿಗೆ ಒಯ್ದು, ಮೊದಲು ಪುಡಿ ಕೊಟ್ಟು, ಆಮೇಲೆ ಕೆಟ್ಟ ನೀರು ಕುಡಿಸುತ್ತಿದ್ದರು. ಪುಡಿ ಹತ್ತಿದರೆ ಮನುಷ್ಯ ತಿರುಗಿ ಬರುತ್ತಾನೆ, ಹತ್ತದಿದ್ದರೆ ಇಲ್ಲ. ಕೈ ಬಿಟ್ಟುಬಿಡೋಣವೆಂದು ಅವಳು ಒಮ್ಮೆ ಯೋಚಿಸಿದ್ದಳು. ಆದರೆ ಅವಳು ಮಾಡದಿದ್ದರೆ ಇನ್ನಾರೋ ಅರೆಬರೆ ಕಲಿತವನು ಮಾಡುತ್ತಾನೆ, ಆಗ ಹತ್ತಕ್ಕೆ ಹತ್ತೂ ಜೀವ ಹೋಗುತ್ತವೆ. ಹಾಗೆಂದು ತನಗೆ ತಾನೇ ಹೇಳಿಕೊಂಡು ದಿನವೂ ಏಳು ಗಂಟೆಗೆ ಲ್ಯಾಬಿಗೆ ನಡೆಯುತ್ತಿದ್ದಳು, ಮತ್ತು ತನ್ನ ಮೇಲೆ ತನಗೇ ಹೇಸಿಗೆಯಾಗುತ್ತಿತ್ತು.

ಲ್ಯಾಬಿನಲ್ಲಿ ಇಡ್ಲಿ ಪಾತ್ರೆಯಷ್ಟು ದೊಡ್ಡದೊಂದು ಯಂತ್ರವಿತ್ತು. ಪ್ರತಿಯೊಂದು ಜೀವಿಯ ಒಳಗೂ ಅದರ ಜಾತಕ ನಾಲ್ಕೇ ನಾಲ್ಕು ರಾಸಾಯನಿಕ ಅಕ್ಷರಗಳಲ್ಲಿ ಬರೆದಿರುತ್ತದಲ್ಲ, ಆ ಅಕ್ಷರಗಳನ್ನು ನಾವು ಹೇಳಿದ ಸಾಲಿನಲ್ಲಿ ಪೋಣಿಸಿ ಕೊಡುವ ಯಂತ್ರ. ಪುಡಿ ಶುದ್ಧವಾಗಿದೆಯೇ ಎಂದು ನೋಡಲು ಅಂಥ ತುಣುಕುಗಳು ಬೇಕು. ಪಕ್ಕದಲ್ಲೇ ಅದನ್ನು ಓದುವ ಯಂತ್ರ. ಎರಡನ್ನೂ ನಡೆಸಬಲ್ಲವಳು ಶಿಬಿರದಲ್ಲಿ ಇವಳೊಬ್ಬಳೇ. ಒಂದು ದಿನ ತುಣುಕುಗಳನ್ನು ಪೋಣಿಸಲು ಕೂತವಳಿಗೆ ಹೊಳೆಯಿತು: ನಾಲ್ಕಕ್ಷರದಲ್ಲಿ ಜಾತಕ ಬರೆಯಬಹುದಾದರೆ ಹೆಸರನ್ನು ಯಾಕೆ ಬರೆಯಬಾರದು?

ಮೊಸರಿನ ಜೀವಿಗಳಿಗೆ ತಮ್ಮ ಜಾತಕದ ಜೊತೆಗೆ ಸಣ್ಣಸಣ್ಣ ಬಳೆಗಳನ್ನು ತೊಡುವ ಚಾಳಿಯುಂಟು. ಅದೇ ಅಕ್ಷರಗಳಿಂದ ಆದ ಬಳೆಗಳು. ಜೀವಿ ಒಂದು ಎರಡಾದಾಗ ಬಳೆಯೂ ಎರಡಾಗುತ್ತದೆ. ಸರ್ವಮಂಗಳಾ ಒಂದೊಂದು ಕನ್ನಡ ಅಕ್ಷರಕ್ಕೂ ಆ ನಾಲ್ಕರ ಒಂದೊಂದು ಗುಂಪು ಗೊತ್ತುಮಾಡಿಕೊಂಡಳು. ಬಳೆಯ ಮೊದಲಲ್ಲಿ ಅ ಆ ಇ ಈ ಇಂದ ಹಿಡಿದು ವರ್ಣಮಾಲೆಯನ್ನು ಪೂರ್ತಿ ಬರೆದಳು, ಮುಂದೊಂದು ದಿನ ಕನ್ನಡ ಬಲ್ಲ ಜಾಣರು ಯಾರಾದರೂ ಬಿಡಿಸಿ ಓದಿಯಾರು ಎಂದು. ಅದರ ಹಿಂದೆ ದಿನಕ್ಕೆ ಎರಡೋ ಮೂರೋ ಸಾಲು. ‘ದಿನ ನಲವತ್ತೊಂದು. ಹಿರೇಹೊಳಿಯ ತಿಪ್ಪವ್ವ, ವಯಸ್ಸು ಮೂವತ್ತು. ಏಳನೇ ಷೆಡ್ಡು. ಬರಲಿಲ್ಲ.’ ಅಷ್ಟೇ.

ಆದರೆ ಈ ಜೀವಿಗಳು ಬಲು ಲೆಕ್ಕಾಚಾರದವು. ಉಪಯೋಗಕ್ಕೆ ಬಾರದ ಬಳೆಯನ್ನು ನಾಲ್ಕು ದಿನದಲ್ಲಿ ಕಿತ್ತು ಬಿಸಾಡುತ್ತವೆ. ಅದಕ್ಕೇ ಅವಳು ಅದೇ ಬಳೆಯಲ್ಲಿ ಇನ್ನೊಂದು ಗುಣವನ್ನೂ ಸೇರಿಸಿದಳು. ಬಳೆ ತೊಟ್ಟವು ಬೇರೆಯವಕ್ಕಿಂತ ಬೇಗ ಬೆಳೆಯುತ್ತವೆ, ಮೊಸರು ಕತ್ತರಿಸಿ ತೆಗೆಯುವಷ್ಟು ಗಟ್ಟಿಯಾಗುತ್ತದೆ, ಮೂರು ದಿನ ಇಟ್ಟರೂ ಹುಳಿಯಾಗುವುದಿಲ್ಲ. ಯಾವ ಹೆಂಗಸು ಅದನ್ನು ಬೇಡ ಅಂದಾಳು?

ಒಳಗಿನ ಸುದ್ದಿಯನ್ನು ಅವಳಿಗೆ ಮುಟ್ಟಿಸುತ್ತಿದ್ದವಳು ಹುಸೇನಬಿ. ಶಿಬಿರದ ಅಡುಗೆಮನೆಯಲ್ಲಿ ರೊಟ್ಟಿ ಬಡಿಯುವ, ಅರವತ್ತು ದಾಟಿದ ಗಟ್ಟಿ ಹೆಂಗಸು. ಓದುಬರಹ ಬಾರದು. ಆದರೆ ಒಬ್ಬೊಬ್ಬರ ಹೆಸರು ಹಿಡಿದು ರೊಟ್ಟಿ ಬಡಿಯುವ ಪದ್ಧತಿ ಅವಳದು. ಇದು ಗುರುಪಾದನದು, ಇದು ರತ್ನವ್ವಂದು, ಇದು ಆಕಿ ಮಗಳದು. ಬೆಳಿಗ್ಗೆ ಯಾರ ಹೆಸರಿನ ರೊಟ್ಟಿ ಉಳಿಯಿತೋ ಅವರು ಇಲ್ಲ. ಅವಳು ಲ್ಯಾಬಿಗೆ ಹಾಲಿನ ಕ್ಯಾನು ಹೊತ್ತು ತರುವಾಗ ಹೇಳಿ ಹೋಗುತ್ತಿದ್ದಳು. ಸರ್ವಮಂಗಳಾ ಬರೆದಿಡುತ್ತಾಳೆಂದು ಗೊತ್ತಿದ್ದದ್ದು ಅವಳೊಬ್ಬಳಿಗೇ.

“ಇವತ್ತು ನಾಕು ರೊಟ್ಟಿ ಉಳದಾವ ಅಕ್ಕಾ,” ಎಂದು ಒಂದು ಮುಂಜಾನೆ ಕ್ಯಾನು ಇಳಿಸುತ್ತ ಅಂದಳು. ನಾಲ್ಕೂ ಹೆಸರು, ನಾಲ್ಕೂ ಊರು ಹೇಳಿದಳು. “ಗುರುಪಾದನ ಹೇಣ್ತಿ ತನ್ನ ರೊಟ್ಟೀನೂ ಮುಟ್ಟಿಲ್ಲ. ಅದನ್ನೂ ಬರೀ.”

“ಪುಡಿ ಸರಿಯಾಗೇ ಮಾಡಿದ್ದೆ ಹುಸೇನಬಿ. ನಾಕು ಹೋಗಬಾರದಿತ್ತು.”

“ಹಾಲು ಕುಡದ ಮಕ್ಕಳ ಬದುಕೂದಿಲ್ಲ, ಇನ್ನ ವಿಷ ಕುಡದ ಮಕ್ಕಳು ಬದುಕ್ಯಾವೇನು? ನೀ ಪುಡಿ ಬಗ್ಗೆ ಅಳಬ್ಯಾಡ. ಬರಿಯೂದು ನೋಡು.”

ಬರೆದದ್ದು ಹೊರಗೆ ಹೋಗುವ ದಾರಿ ತಾನಾಗಿ ಬಂತು. ಹವಾಲ್ದಾರ ಫಕೀರಪ್ಪ ಲ್ಯಾಬಿನ ಕಾವಲಿನವನು, ಮುತ್ತಲಗಟ್ಟಿಯವನೇ, ಬಾಯಿ ಸುಮ್ಮನಿರದ ಮನುಷ್ಯ. ಬಂದೂಕು ಬಾಗಿಲಿಗೆ ಒರಗಿಸಿ ಲೋಕದ ಸುದ್ದಿಯೆಲ್ಲ ಹೇಳುತ್ತಿದ್ದ. ಒಂದು ಮಧ್ಯಾಹ್ನ ಅವನ ರೊಟ್ಟಿಯ ಜೊತೆಗೆ ಅವಳು ಒಂದು ಬಟ್ಟಲು ಮೊಸರು ಇಟ್ಟಳು. ಅವನು ತಿಂದು, ಬಟ್ಟಲನ್ನು ಬೆರಳಿಂದ ಸವರಿ ನೆಕ್ಕಿದ.

“ಅಕ್ಕಾರ, ನಮ್ಮಾಕಿ ಕಲ್ಲವ್ವ ಇಪ್ಪತ್ತು ವರ್ಷದಾಗ ಹಿಂಥ ಮೊಸರು ಮಾಡಿಲ್ಲರಿ. ಇದನ್ನ ಆಕಿ ಮುಂದ ಹೇಳಿದ್ರ ನನ್ನ ಮನಿ ಹೊರಗ ಹಾಕತಾಳ. ಸ್ವಲ್ಪ ಹೆಪ್ಪು ಕೊಡ್ರಿ.”

“ಶಿಬಿರದಿಂದ ಏನೂ ಹೊರಗ ಒಯ್ಯಬಾರದು ಅಂತ ಹುಕುಂ ಐತಲ್ಲ ಫಕೀರಪ್ಪ?”

“ಹೆಪ್ಪಿಗೆ ಯಾವ ಹುಕುಂರಿ? ಹೆಪ್ಪು ಇಲ್ಲ ಅಂದಾವ್ರ ಮನಿ ಉದ್ಧಾರ ಆಗೂದಿಲ್ಲ.”

ಅವಳು ಕೊಟ್ಟಳು. ಈ ಬಾಯಿಬಡುಕನ ಮನೆಯ ಒಲೆಯ ಬುಡಕ್ಕೆ ಬೆಂಕಿಯ ಕೆಂಡ ಕಳಿಸುತ್ತಿದ್ದೇನೆ ಎಂದು ಗೊತ್ತಿದ್ದೇ ಕೊಟ್ಟಳು. ಹೇಳಿಬಿಡಬಹುದಿತ್ತು. ಹೇಳಿದರೆ ಒಯ್ಯದೇ ಹೋದಾನೆಂಬ ಹೆದರಿಕೆ, ಒಯ್ದರೂ ಎಲ್ಲಾದರೂ ಬಾಯಿಬಿಟ್ಟಾನೆಂಬ ಹೆದರಿಕೆ. ಅಂತೂ ಹೇಳಲಿಲ್ಲ.

ಆಮೇಲೆ ಒಂದು ತಿಂಗಳು ಫಕೀರಪ್ಪನಿಗೆ ಅದೇ ಸುದ್ದಿ. ಕಲ್ಲವ್ವ ಮೊಸರಿನ ಗಡಿಗೆಯನ್ನು ಬೋರಲು ಹಾಕಿ ಅತ್ತೆಗೆ ತೋರಿಸಿದಳಂತೆ, ಒಂದು ಹನಿ ಕೆಳಗೆ ಬೀಳಲಿಲ್ಲವಂತೆ. ಎದುರು ಮನೆಯ ನಿಂಗವ್ವ ಒಯ್ದಳು. ನಿಂಗವ್ವನಿಂದ ಅವಳ ಓರಗಿತ್ತಿ ಒಯ್ದಳು. ಬಡಿಗೇರ ಓಣಿ ಮುಗಿದು ಈಗ ಮೇಲಿನ ಓಣಿಗೆ ಹತ್ತಿದೆ. ಹೆಪ್ಪು ಹಳತಾದರೆ ಗುಣ ಕಮ್ಮಿಯಾಗುತ್ತದೆ ಎಂದು ಸರ್ವಮಂಗಳಾ ಹದಿನೈದು ದಿನಕ್ಕೊಮ್ಮೆ ಹೊಸದನ್ನು ಕೊಟ್ಟು ಕಳಿಸುತ್ತಿದ್ದಳು, ಅದರಲ್ಲಿ ಹಳೆಯ ಹೆಸರುಗಳ ಜೊತೆ ಆ ಹದಿನೈದು ದಿನದವೂ. ಹೊಸ ಕಮಾಂಡರ್ ಮೇಜರ್ ನಿರಂಜನ್ ರಾಜಧಾನಿಯಿಂದ ಬಂದು ಊರೊಳಗಿನ ಬಂಗಲೆಯಲ್ಲಿ ಸಂಸಾರ ಹೂಡಿದಾಗ, ಹಾಲುಕ್ಕಿಸಿದ ದಿನವೇ ಕಲ್ಲವ್ವ ಒಂದು ಬಟ್ಟಲು ಹೆಪ್ಪು ಒಯ್ದು ಮೇಜರನ ಹೆಂಡತಿಯ ಕೈಗಿಟ್ಟು ಬಂದಳಂತೆ.

“ಹೊಸ್ತಾಗಿ ಬಂದ ಮನಿಗೆ ಹೆಪ್ಪು ಕೊಡ್ಲಿಕ್ಕೇ ಬೇಕಲ್ಲರಿ. ಅವರು ಪಾಕೀಟಿನ ಮೊಸರು ತಿಂದಾವ್ರು, ಪಾಪ,” ಅಂದ ಫಕೀರಪ್ಪ.

ಸರ್ವಮಂಗಳಾ ಕೈಲಿದ್ದ ಗಾಜಿನ ನಳಿಗೆಯನ್ನು ಮೆಲ್ಲಗೆ ಕೆಳಗಿಟ್ಟಳು. ತಿಪ್ಪವ್ವ, ಗುರುಪಾದ, ಅವರೊಡನೆ ಇನ್ನೂರಾ ಎಂಬತ್ತು ಜನ ಈಗ ಮೇಜರನ ಫ್ರಿಜ್ಜಿನಲ್ಲಿ ಕೂತಿದ್ದಾರೆ. ಅವಳಿಗೆ ಹೆದರಿಕೆಯ ಜೊತೆಗೆ ಒಂದು ಕೆಟ್ಟ ಸಂತೋಷವೂ ಆಯಿತು.

ಮಳೆ ತಿಂಗಳು ಮುಗಿಯುವ ಹೊತ್ತಿಗೆ ಒಂದು ಬೆಳಿಗ್ಗೆ ಹಾಲಿನ ಕ್ಯಾನು ಹೊತ್ತು ಬಂದದ್ದು ಬೇರೆ ಹೆಂಗಸು. ಹುಸೇನಬಿ ಎಲ್ಲಿ ಎಂದು ಕೇಳಿದ್ದಕ್ಕೆ ಅವಳು ತಲೆ ಎತ್ತದೆ ಹೇಳಿದಳು. ಏಳನೇ ಷೆಡ್ಡಿಗೆ ಹತ್ತು ಜನ ಬೇಕಿತ್ತಂತೆ, ಒಂಬತ್ತೇ ಆಗಿದ್ದರಂತೆ, ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದವಳನ್ನು ಕರೆದೊಯ್ದರಂತೆ. ಆ ವಾರದ ಪುಡಿಯನ್ನು ಸರ್ವಮಂಗಳಾ ಮೂರು ಸಲ ಪರೀಕ್ಷೆ ಮಾಡಿ ಕಳಿಸಿದ್ದಳು. ಅದರಲ್ಲಿ ಯಾವ ದೋಷವೂ ಇರಲಿಲ್ಲ. ಐದನೇ ದಿನಕ್ಕೆ ಆರು ಜನ ತಿರುಗಿ ಬಂದರು, ಹುಸೇನಬಿ ಬರಲಿಲ್ಲ. ಅರವತ್ತು ದಾಟಿದ ಕರುಳು, ಪುಡಿ ಏನು ಮಾಡೀತು. ಆ ದಿನ ಬರೆಯಲು ಕೂತವಳಿಗೆ ಹುಸೇನಬಿಯ ಊರು ಯಾವುದೆಂದು ನೆನಪಾಗಲಿಲ್ಲ. ಎಲ್ಲರ ಊರನ್ನೂ ಹೇಳಿದವಳು ತನ್ನದನ್ನು ಹೇಳೇ ಇರಲಿಲ್ಲ. ಸರ್ವಮಂಗಳಾ ಯಂತ್ರದ ಮುಂದೆ ಕೂತು ಬಾಯಿಗೆ ಸೆರಗು ತುರುಕಿಕೊಂಡು ಅತ್ತಳು. ಆಮೇಲೆ ಬರೆದಳು: ‘ಹುಸೇನಬಿ. ಈ ಹೆಸರುಗಳನ್ನೆಲ್ಲ ಹೇಳಿದವಳು.’

ವಾರ ಕಳೆದಿರಲಿಲ್ಲ, ಮೇಜರ್ ನಿರಂಜನ್ ಲ್ಯಾಬಿಗೆ ಬಂದ. ನಲವತ್ತರ ಒಳಗಿನವನು, ತಗ್ಗಿದ ದನಿ, ಯಾರನ್ನೂ ಏಕವಚನದಲ್ಲಿ ಮಾತಾಡಿಸಿದವನಲ್ಲ. ಒಂದು ಕಾಗದವನ್ನು ಅವಳ ಮುಂದಿಟ್ಟ.

“ರಜೆಗೆ ಅಂತ ಮುತ್ತಲಗಟ್ಟಿಗೆ ಬಂದು ಹೋದ ಸಿಪಾಯಿಯೊಬ್ಬ ರಾಜಧಾನಿಯ ಆಸ್ಪತ್ರೆಯಲ್ಲಿದ್ದಾನೆ. ಕಾಯಿಲೆ ಬೇರೆ ಏನೋ. ಆದರೆ ಅವನ ಹೊಟ್ಟೆಯಲ್ಲಿ ಒಂದು ಜೀವಿ ಸಿಕ್ಕಿದೆ. ಅದರೊಳಗೆ ಯಾರೋ ಕೈಯಾರೆ ಸೇರಿಸಿದ ಉದ್ದನೆಯ ತುಣುಕಿದೆಯಂತೆ. ಆಚೆ ದಡದವರು ಬಿಟ್ಟ ಹೊಸ ಅಸ್ತ್ರ ಅಂತ ಅವರ ಅನುಮಾನ. ನೀವೇನು ಹೇಳ್ತೀರಿ, ಡಾಕ್ಟ್ರೇ?”

“ನೋಡದೇ ಹೇಳಲಿಕ್ಕಾಗೂದಿಲ್ಲ,” ಅಂದಳು.

“ನೋಡೋರಂತೆ. ಇನ್ನು ಹತ್ತು ದಿನಕ್ಕೆ ಊರಿನ ಪ್ರತಿ ಮನೆಯಿಂದ ಹಾಲು, ಮೊಸರು, ಹಿಟ್ಟು ಎಲ್ಲ ತರಿಸ್ತೀನಿ. ಯಾವ್ಯಾವ ಮನೇಲಿದೆ ಅಂತ ನೀವೇ ಗುರುತು ಮಾಡಿ ಕೊಡಬೇಕು. ಇರೋ ಮನೆಯವರನ್ನು ಒಳಗೆ ಕರ್ಕೊಂಡು ಬರೋಣ.” ಬಾಗಿಲ ತನಕ ಹೋದವನು ತಿರುಗಿ ಆ ಬರೆಯುವ ಯಂತ್ರವನ್ನು ಒಂದು ಕ್ಷಣ ನೋಡಿದ. ಕೇಳಬಹುದಿತ್ತು, ಕೇಳಲಿಲ್ಲ. ತನ್ನ ಲ್ಯಾಬಿನಿಂದಲೇ ಹೋಯಿತೆಂದು ಬಾಯಿಬಿಟ್ಟರೆ ಮೊದಲು ಹೋಗುವುದು ಅವನದೇ ಕುತ್ತಿಗೆ. ಅವನು ಅಷ್ಟು ದಡ್ಡನಾಗಿರಲಿಲ್ಲ.

ತಪ್ಪಿಸಿಕೊಳ್ಳಲು ದಾರಿ ಇರಲಿಲ್ಲವೆಂದಲ್ಲ. ಡೇರಿಯಲ್ಲಿ ದುಡಿದವರಿಗೆಲ್ಲ ಗೊತ್ತಿರುವ ಒಂದು ಪೀಡೆಯುಂಟು: ಮೊಸರಿನ ಜೀವಿಯನ್ನೇ ಹಿಡಿದು ತಿನ್ನುವ ವೈರಾಣು. ಮನುಷ್ಯರಿಗೆ ಏನೂ ಮಾಡದು, ಹೆಪ್ಪಿಗೆ ಮಾತ್ರ ಮಾರಿ. ಅದರ ಒಂದು ನಳಿಗೆ ಫ್ರಿಜ್ಜಿನಲ್ಲಿತ್ತು. ಒಂದು ಹನಿಯನ್ನು ಹೊಸ ಹೆಪ್ಪಿಗೆ ಹಾಕಿ ಕಲ್ಲವ್ವನಿಗೆ ಕಳಿಸಿದರೆ ಸಾಕು. ಬಟ್ಟಲಿಂದ ಬಟ್ಟಲಿಗೆ ಹೋಗಿ ಆರು ದಿನದಲ್ಲಿ ಊರಿನ ಯಾವ ಮನೆಯಲ್ಲೂ ಹಾಲು ಹೆಪ್ಪಾಗುವುದಿಲ್ಲ. ಹೆಂಗಸರು ಬೈದುಕೊಂಡು ಗಡಿಗೆ ಕುದಿಸಿ ತೊಳೆದು ಪಾಕೀಟಿನ ಮೊಸರು ತರುತ್ತಾರೆ. ಲ್ಯಾಬಿನಲ್ಲಿರುವುದನ್ನೂ ತೊಳೆದುಬಿಟ್ಟರೆ ಎಲ್ಲರೂ ಉಳಿಯುತ್ತಾರೆ, ಅಷ್ಟೂ ಹೆಸರುಗಳು ಹೋಗುತ್ತವೆ.

ಮೂರನೇ ದಿನ ಫಕೀರಪ್ಪ ತಾನಾಗಿಯೇ ಸ್ಟೀಲಿನ ಡಬ್ಬಿ ಹಿಡಿದು ನಿಂತ. ಬೆಕ್ಕು ಗಡಿಗೆ ಉರುಳಿಸಿತಂತೆ, ಕಲ್ಲವ್ವ ಹೊಸ ಹೆಪ್ಪು ತಾ ಅಂದಿದ್ದಾಳೆ. ಸರ್ವಮಂಗಳಾ ಡಬ್ಬಿ ತೆಗೆದುಕೊಂಡು ಒಳಗೆ ಹೋದಳು. ಒಂದು ಕೈಯಲ್ಲಿ ಡಬ್ಬಿ, ಇನ್ನೊಂದು ಕೈಯಲ್ಲಿ ವೈರಾಣುವಿನ ನಳಿಗೆ. ಮುನ್ನೂರಾ ಹನ್ನೆರಡು ಹೆಸರು. ಕೊನೆಯದು ಹುಸೇನಬಿ. ಬೇರೆ ಎಲ್ಲಿಯೂ, ಯಾವ ಕಾಗದದಲ್ಲೂ, ಯಾವ ಗೋರಿಯ ಮೇಲೂ ಆ ಹೆಸರುಗಳಿಲ್ಲ. ಇವನ್ನು ಕೊಂದರೆ ಅವರು ಇನ್ನೊಂದು ಸಲ ಸತ್ತಂತೆ. ನಳಿಗೆಯನ್ನು ಮತ್ತೆ ಫ್ರಿಜ್ಜಿಗಿಟ್ಟು, ಡಬ್ಬಿಗೆ ಒಳ್ಳೆಯ ಹೆಪ್ಪನ್ನೇ ಹಾಕಿ ತಂದುಕೊಟ್ಟಳು.

“ಮುಖ ಯಾಕ ಸಪ್ಪಗಾಗೈತ್ರಿ ಅಕ್ಕಾರ?” ಎಂದು ಫಕೀರಪ್ಪ ಕೇಳಿದ.

“ನಿದ್ದಿ ಇಲ್ಲ, ಅಷ್ಟ,” ಅಂದಳು.

ಹತ್ತನೇ ದಿನ ನೂರಾ ಹನ್ನೆರಡು ಮನೆಗಳಿಂದ ನೂರಾ ಹನ್ನೆರಡು ಬಟ್ಟಲು ಮೊಸರು ಬಂತು. ಒಂದೊಂದಕ್ಕೂ ಮನೆಯ ನಂಬರಿನ ಚೀಟಿ. ಜೊತೆಗೆ ಮೇಜರ್ ಬಂದ.

“ಒಂದು ಮಾತು ಡಾಕ್ಟ್ರೇ. ಇದರಲ್ಲಿ ಐದು ಮನೆಯದನ್ನು ಮೊದಲೇ ಗುಟ್ಟಾಗಿ ರಾಜಧಾನಿಗೆ ಕಳಿಸಿದ್ದೆ. ಐದಕ್ಕೆ ಐದೂ ಹೌದು ಅಂತ ಬಂದಿದೆ. ಯಾವ ಐದು ಅಂತ ನಿಮಗೆ ಹೇಳೋದಿಲ್ಲ.”

ಏನೂ ಇಲ್ಲ ಎಂದು ಬರೆದುಕೊಟ್ಟು ಕೈ ತೊಳೆದುಕೊಳ್ಳುವ ಅವಳ ಯೋಚನೆ ಅಲ್ಲಿಗೇ ಮುಗಿಯಿತು. ಮೂರು ದಿನ ಕೂತು ಓದಿದಳು. ತೊಂಬತ್ತೇಳು ಬಟ್ಟಲಲ್ಲಿ ಬಳೆ ತೊಟ್ಟ ಜೀವಿಗಳಿದ್ದವು. ಹದಿನೈದರಲ್ಲಿ ಇರಲಿಲ್ಲ, ಮುದುಕ ಮುದುಕಿಯರ ಮನೆ, ಯಾರಿಂದಲೂ ಏನೂ ಇಸಿದುಕೊಳ್ಳದ ಜಗಳಗಂಟರ ಮನೆ, ಹಾಗೆ. ಮೂವತ್ತೆಂಟನೇ ನಂಬರು ಮೇಜರನ ಬಂಗಲೆ, ಹೊಸ ಹೆಪ್ಪು ಬಂದಾಗಲೆಲ್ಲ ಕಲ್ಲವ್ವ ಕೊಟ್ಟು ಬರುತ್ತಿದ್ದ ಮನೆ. ಅದರಲ್ಲಿ ತಿಪ್ಪವ್ವನಿಂದ ಹಿಡಿದು ಒಬ್ಬರೂ ತಪ್ಪದೆ ಎಲ್ಲರೂ ಇದ್ದರು.

ತೊಂಬತ್ತೇಳು ಎಂದು ಬರೆದರೆ ತೊಂಬತ್ತೇಳು ಮನೆಯವರನ್ನು ಎಳೆದು ತರುತ್ತಾರೆ. ಆದರೆ ಊರಿಗೆ ಊರೇ ಇದೆ ಅಂದರೆ? ಕಮಾಂಡರನ ಮನೆಯೂ ಅದರಲ್ಲೇ ಇದೆ ಅಂದರೆ? ಊರನ್ನೆಲ್ಲ ಹಿಡಿದು ಹಾಕಲು ಯಾವ ಜೈಲಿದೆ? ಅವಳು ಹುಟ್ಟಿ ಬೆಳೆದ ಕಡೆ ಒಂದು ಮನೆಗೆ ಶಿಕ್ಷೆ ಕೊಡಬಹುದು, ಒಂದು ಓಣಿಯನ್ನು ಬಹಿಷ್ಕರಿಸಬಹುದು. ಊರೆಲ್ಲ ತಪ್ಪು ಮಾಡಿದರೆ ಅದು ತಪ್ಪೇ ಅಲ್ಲ, ಊರ ರೂಢಿ. ಇದು ಅವಳ ಲೆಕ್ಕ. ಹೆಪ್ಪು ಇಸಿದುಕೊಂಡು ಬದುಕಿದವರ ಲೆಕ್ಕ. ಅವಳು ಉಳಿದ ಹದಿನೈದು ನಂಬರಿನ ಮುಂದೆಯೂ ಹೌದು ಎಂದು ಗೆರೆ ಎಳೆದಳು.

ಮೇಜರ್ ಹಾಳೆಗಳನ್ನು ನಿಂತುಕೊಂಡೇ ಓದಿದ. ಮೂವತ್ತೆಂಟರ ಹತ್ತಿರ ಅವನ ಬೆರಳು ನಿಂತಿತು.

“ಎಲ್ಲಾ ಮನೇಲೂ?”

“ಎಲ್ಲಾ ಮನ್ಯಾಗೂ ಅದ ಸಾಹೇಬ್ರ. ನಿಮ್ಮ ಮನಿ ಹಿಡದು. ಇದು ಅಸ್ತ್ರಗಿಸ್ತ್ರ ಅಲ್ಲ. ಯಾರಿಗರ ಏನರ ಆಗೇದೇನು? ಒಬ್ಬರ ಮನಿ ಹೆಪ್ಪು ಇನ್ನೊಬ್ಬರ ಮನಿಗೆ ಹೋಗೇದ, ಅಷ್ಟ. ಇದಕ್ಕ ಯಾರ್ನಂತ ಹಿಡೀತೀರಿ? ಊರಿಗೂರ್ನ ಹಿಡೀಲಿಕ್ಕಾಗ್ತದೇನು?”

ಅವನು ಜೇಬಿನಿಂದ ಪೆನ್ನು ತೆಗೆದು ಮೂವತ್ತೆಂಟನ್ನು ನೀಟಾಗಿ ಹೊಡೆದುಹಾಕಿದ. “ಈ ಮಾದರಿ ಒಡೆದುಹೋಗಿತ್ತು,” ಅಂದ. ಆಮೇಲೆ ಹಾಳೆ ಮಡಿಸುತ್ತ, ಯಾವುದೋ ಸಣ್ಣ ತೊಂದರೆಗೆ ಪರಿಹಾರ ಹೇಳುವ ದನಿಯಲ್ಲಿ ಹೇಳಿದ: “ಹಿಡಿಯೋದು ಯಾಕೆ ಡಾಕ್ಟ್ರೇ? ಸೋಂಕು ಒಂದು ಮನೇಲಿದ್ರೆ ಆ ಮನೆಯವರನ್ನ ಎತ್ತಿಕೊಂಡು ಬರಬೇಕು. ಊರಿಗೇ ಹಬ್ಬಿದ್ರೆ ಯಾರನ್ನೂ ಎತ್ತೋದೇ ಬೇಡ. ಬೇಲಿಯನ್ನ ಆಚೆ ಸರಿಸಿದ್ರೆ ಆಯ್ತು. ಪುಡಿಯ ಪರೀಕ್ಷೆಗೂ ಜನ ಕಮ್ಮಿಯಾಗಿದ್ರು.”

ಸರ್ವಮಂಗಳಾ ಹದಿನೈದು ಮನೆಯದು ಸುಳ್ಳು ಎಂದು ಹೇಳಲು ಬಾಯಿ ತೆರೆದಳು, ಹೇಳಿಯೂ ಹೇಳಿದಳು. ಅವನು ನಿಧಾನವಾಗಿ ಕೇಳಿಸಿಕೊಂಡು, ತಲೆಯಾಡಿಸಿ, ಅದಕ್ಕೀಗ ಹೊತ್ತಾಯಿತು ಅಂದ.

ಮರುದಿನ ಮೇಜರನ ಹೆಂಡತಿಯ ಟ್ರಂಕುಗಳು ಜೀಪಿನಲ್ಲಿ ಸ್ಟೇಶನ್ನಿಗೆ ಹೋದವು. ಅದರ ಮರುದಿನ ಲ್ಯಾಬಿನ ಕಿಟಕಿಯಿಂದ ನೋಡಿದಾಗ ಬೇಲಿಯ ಕಂಬಗಳನ್ನು ಕೀಳುತ್ತಿದ್ದರು. ಒಂದೊಂದೇ ಕಂಬವನ್ನು ಟ್ರಾಕ್ಟರಿನಲ್ಲಿ ಹೇರಿ ಊರಿನ ಆಚೆಗೆ, ಕೆರೆಯ ಏರಿಯ ಉದ್ದಕ್ಕೂ, ಶಾಲೆಯ ಹಿಂದುಗಡೆಗೆ ಒಯ್ದು ಹೂಳಿದರು. ಹೂಳುವ ಕೆಲಸಕ್ಕೆ ಊರವರನ್ನೇ ಕರೆದಿದ್ದರು. ರೋಗ ಬಂದಿದೆ, ನಿಮ್ಮ ಕ್ಷೇಮಕ್ಕೇ ಎಂದು ಡಂಗುರ ಹೊಡೆಸಿದ್ದರಿಂದ ಅವರೂ ಬಂದು, ನಡುವೆ ಬೀಡಿ ಸೇದುತ್ತ, ಗುಂಡಿ ತೋಡಿದರು. ಹುಚ್ಚು ಮಂದಿ, ತಮ್ಮ ಗುಂಡಿಯನ್ನು ತಾವೇ ಎಷ್ಟು ನೇರವಾಗಿ ತೋಡಿದ್ದರು. ಸಂಜೆ ಹೊತ್ತಿಗೆ ತಂತಿ ಕಟ್ಟಿಯಾಯಿತು. ಊರಿನ ಕಾವಲುಗಾರರಿಂದ ಬಂದೂಕು ಮತ್ತು ಖಾಕಿ ಇಸಿದುಕೊಂಡು ಹೊರಗಿನವರಿಗೆ ಕೊಟ್ಟರು.

ಲ್ಯಾಬಿನ ಪಾತ್ರೆ ತೊಳೆಯಲು ಹೊಸಬಳೊಬ್ಬಳನ್ನು ಹಾಕಿದರು. ನಲವತ್ತೈದರ ಹೆಂಗಸು, ಹಣೆತುಂಬ ಕುಂಕುಮ, ನೇರ ನೋಟ. ಬಂದವಳೇ, “ನಾ ಕಲ್ಲವ್ವ. ಫಕೀರಪ್ಪನ ಹೇಣ್ತಿ,” ಅಂದಳು.

ಸರ್ವಮಂಗಳಾಗೆ ಇನ್ನು ಮುಚ್ಚಿಡುವ ಧೈರ್ಯವಿರಲಿಲ್ಲ. ಬಾಗಿಲು ಹಾಕಿ, ಅವಳನ್ನು ಸ್ಟೂಲಿನ ಮೇಲೆ ಕೂರಿಸಿ, ಎಲ್ಲವನ್ನೂ ಹೇಳಿದಳು. ಬಳೆಯ ಕಥೆ, ಹೆಸರುಗಳ ಕಥೆ, ಫ್ರಿಜ್ಜಿನಲ್ಲೇ ಉಳಿದ ಆ ನಳಿಗೆಯ ಕಥೆ, ಹದಿನೈದು ಸುಳ್ಳು ಗೆರೆ. ಮುಗಿದ ಮೇಲೆ ಕಲ್ಲವ್ವ ತನ್ನ ಅಂಗೈ ನೋಡಿಕೊಂಡಳು.

“ನಮ್ಮ ಮನಿ ಹೆಪ್ಪಿನಾಗ ಬರಿಯೂ ಮುಂದ ನನ್ನ ಒಂದ ಮಾತು ಕೇಳಬೇಕಿತ್ತರಿ ಅಕ್ಕಾರ.”

“ಕೇಳಿದ್ರ ಒಲ್ಲೆ ಅಂತಿದ್ದಿ.”

“ಅಂತಿದ್ನೋ ಇಲ್ಲೋ ನನಗೂ ಗೊತ್ತಿಲ್ಲ. ಕೇಳಿದ್ರ ಗೊತ್ತಾಗ್ತಿತ್ತು.”

ಕಲ್ಲವ್ವ ಎದ್ದು ಪಾತ್ರೆ ತೊಳೆದಳು, ಒರೆಸಿ ಬೋರಲು ಹಾಕಿದಳು, ಹೋದಳು. ಮುಂದೆ ಹನ್ನೆರಡು ದಿನ ಹೀಗೇ ಬಂದು ಹೀಗೇ ಹೋದಳು. ಆ ಹನ್ನೆರಡು ದಿನವೂ ಸರ್ವಮಂಗಳಾ ಯಂತ್ರದಲ್ಲಿ ಒಂದಕ್ಷರವನ್ನೂ ಬರೆಯಲಿಲ್ಲ.

ಹದಿಮೂರನೇ ದಿನ ಕಲ್ಲವ್ವ ಬಂದಾಗ ಹಣೆ ಬರಿದಾಗಿತ್ತು. ಏಳನೇ ಷೆಡ್ಡಿಗೆ ಒಯ್ದ ಊರಿನ ಮೊದಲ ಹತ್ತು ಜನರಲ್ಲಿ ಫಕೀರಪ್ಪನೂ ಇದ್ದ. ಬಾಯಿ ಸುಮ್ಮನಿರದವನು, ಬೇಲಿ ಹಾಕಿದ ದಿನದಿಂದ ಹೊಸ ಕಾವಲುಗಾರರ ಜೊತೆ ವಾದಕ್ಕೆ ನಿಂತಿದ್ದನಂತೆ. ಪುಡಿ ಕೊಟ್ಟಿದ್ದರಂತೆ. ಹತ್ತಲಿಲ್ಲ.

ಸರ್ವಮಂಗಳಾ ಕೈಲಿದ್ದ ಕೆಲಸ ಬಿಟ್ಟು ಹತ್ತಿರ ಬಂದಳು. “ಕಲ್ಲವ್ವ,” ಅಂದಳು, “ಫಕೀರಪ್ಪನ ಹೆಸರು ಬರೀಲೇನು?”

ಕಲ್ಲವ್ವ ತೊಳೆಯುತ್ತಿದ್ದ ಗಾಜಿನ ಪಾತ್ರೆಯನ್ನು ಕೆಳಗಿಟ್ಟಳು. ಕೈ ಒರೆಸಿಕೊಂಡಳು.

“ಬರೀರಿ. ಯಾರ ಮಾಡಿದ್ರು ಅನ್ನೂದ್ನೂ ಬರೀರಿ. ಮೇಜರನ ಹೆಸರು ಒಂದ ಅಲ್ಲ.”

ಸರ್ವಮಂಗಳಾ ಯಂತ್ರದ ಮುಂದೆ ಕೂತಳು. ಕಲ್ಲವ್ವ ಹಿಂದೆ ನಿಂತಳು, ಓದಲು ಬಾರದ ಆ ನಾಲ್ಕಕ್ಷರಗಳು ಒಂದೊಂದಾಗಿ ಪರದೆಯ ಮೇಲೆ ಸರಿಯುವುದನ್ನು ನೋಡುತ್ತ. ಬರೆದು ಮುಗಿಯಲು ಮುಕ್ಕಾಲು ಗಂಟೆ ಹಿಡಿಯಿತು.

“ಈಗ ಓದ್ರಿ,” ಅಂದಳು ಕಲ್ಲವ್ವ.

“ದಿನ ಐನೂರಾ ಆರು. ಮುತ್ತಲಗಟ್ಟಿಯ ಫಕೀರಪ್ಪ, ವಯಸ್ಸು ಐವತ್ತು. ಏಳನೇ ಷೆಡ್ಡು. ಬರಲಿಲ್ಲ. ಒಯ್ಯಿಸಿದವನು ಮೇಜರ್ ನಿರಂಜನ್. ಪುಡಿ ಮಾಡಿದವಳು ಸರ್ವಮಂಗಳಾ. ಊರಿಗೆಲ್ಲ ರೋಗವೆಂದು ಬರೆದುಕೊಟ್ಟವಳು ಸರ್ವಮಂಗಳಾ.”

“ಇನ್ನೊಮ್ಮೆ ಓದ್ರಿ,” ಅಂದಳು ಕಲ್ಲವ್ವ. ಸರ್ವಮಂಗಳಾ ಇನ್ನೊಮ್ಮೆ ಓದಿದಳು.